ಸಂಪಾದಕರ ಉತ್ತರ: ಅಷ್ಟೊಂದು ಪ್ರೀತಿ ಸುಳ್ಳಾಗಿತ್ತಾ?

ನಮಸ್ಕಾರ.

ನಿಮ್ಮ ಪತ್ರ ತಲುಪಿತು. ನಿಮ್ಮ ಹೆಸರು, ಊರು, ಧಾರಾವಾಹಿಯ ಹೆಸರು ಯಾವುದೂ ಅಚ್ಚಾಗಬಾರದು ಅಂತ ಕೇಳಿದ್ದೀರಿ. ಹಾಗೇ ಆಗಲಿ. ಆದರೆ ಉತ್ತರವನ್ನು ಪತ್ರಿಕೆಯಲ್ಲೇ ಕೊಡುತ್ತಿದ್ದೇನೆ. ನಿಮ್ಮ ತಂಗಿಯಂಥವರು ಬೇರೆ ಮನೆಗಳಲ್ಲೂ ಇದ್ದಾರೆ. ಅವರ ಮನೆಯವರಿಗೂ ಇದೇ ಕಳವಳ ಇರುತ್ತೆ, ಯಾರನ್ನು ಕೇಳಬೇಕು ಅಂತ ಗೊತ್ತಿರಲ್ಲ.

ಉಳಿದ ಓದುಗರಿಗಾಗಿ ಪತ್ರದ ಸಾರ ಇಷ್ಟು. ತಂಗಿ ಮೂರು ವರ್ಷ ಒಂದು ಧಾರಾವಾಹಿಯಲ್ಲಿ ನಾಯಕಿ. ಹೋದಲ್ಲೆಲ್ಲ ಜನ ಮುತ್ತಿಕೊಳ್ಳುತ್ತಿದ್ದರು. ಒಮ್ಮೆ ಒಬ್ಬ ಅಜ್ಜಿ ಅವರ ತಲೆ ಸವರಿ ಅತ್ತುಬಿಟ್ಟಿದ್ದರಂತೆ. ಧಾರಾವಾಹಿ ಮುಗಿದು ಒಂದು ವರ್ಷವಾಯಿತು. ಈಗ ಜನ ದಿಟ್ಟಿಸಿ ನೋಡಿ, "ನೀವು ಯಾವುದೋ ಸೀರಿಯಲ್‌ನಲ್ಲಿ ಇದ್ರಿ ಅಲ್ವಾ?" ಅನ್ನುತ್ತಾರೆ. ನೆನಪಿದ್ದವರಿಗೂ ನೆನಪಿರೋದು ಪಾತ್ರದ ಹೆಸರೇ, ಅದು ಅಂಟಿಕೊಂಡು ಬಿಡಲ್ಲ ಅಂತ ತಂಗಿಯ ದೂರು. ಹಾಗಾಗಿ ತಂಗಿ ಹೊರಗೆ ಹೋಗೋದೇ ಕಮ್ಮಿ. ರಾತ್ರಿ ತನ್ನ ಧಾರಾವಾಹಿ ಬರುತ್ತಿದ್ದ ಹೊತ್ತಿಗೆ ಸರಿಯಾಗಿ ಟಿವಿ ಹಾಕಿ, ಆ ಜಾಗದಲ್ಲಿ ಈಗ ಬರುವ ಹೊಸ ಧಾರಾವಾಹಿಯನ್ನು ಕೊನೆಯವರೆಗೂ ನೋಡುತ್ತಾರೆ. ಒಂದು ಮಾತೂ ಆಡಲ್ಲ. ಒಬ್ಬ ಮನುಷ್ಯ ಮಾತ್ರ ಇನ್ನೂ ದಿನಾ ಮೆಸೇಜ್ ಹಾಕುತ್ತಾನೆ. ಹೋದ ತಿಂಗಳು ನಿಮ್ಮ ಮನೆ ಗೇಟಿನ ಫೋಟೊ ಕಳಿಸಿದ್ದಾನೆ. ಹೊಸ ಧಾರಾವಾಹಿಯೊಂದರಲ್ಲಿ ಅತ್ತಿಗೆ ಪಾತ್ರಕ್ಕೆ ಆಡಿಷನ್‌ಗೆ ಕರೆದಿದ್ದಾರೆ, ತಂಗಿ ಒಲ್ಲೆ ಅನ್ನುತ್ತಿದ್ದಾರೆ. ಕೊನೆಯಲ್ಲಿ ನೀವು ಕೇಳಿದ್ದು ಎರಡು. ಅಷ್ಟು ಜನ ತೋರಿಸಿದ ಪ್ರೀತಿ ಸುಳ್ಳಾಗಿತ್ತಾ? "ಈಗ ಎಲ್ಲಿದ್ದಾರೆ?" ಅಂತ ಅವರ ಬಗ್ಗೆ ಒಂದು ಲೇಖನ ಹಾಕ್ತೀರಾ?

ಮೊದಲು ಗೇಟಿನ ಫೋಟೊ ವಿಷಯ. ಉಳಿದದ್ದೆಲ್ಲ ಆಮೇಲೆ.

"ಯಾರೋ ಹುಚ್ಚು ಅಭಿಮಾನಿ" ಅಂತ ಒಂದೇ ಸಾಲು ಬರೆದು ನೀವು ಮುಂದಕ್ಕೆ ಹೋಗಿದ್ದೀರಿ. ದಯವಿಟ್ಟು ಇದನ್ನು ಹಗುರವಾಗಿ ತಗೋಬೇಡಿ. 1989ರಲ್ಲಿ ಲಾಸ್ ಏಂಜಲಿಸ್‌ನಲ್ಲಿ ರೆಬೆಕಾ ಶೆಫರ್ ಎಂಬ 21 ವರ್ಷದ ಟಿವಿ ನಟಿಯನ್ನು ಅವರ ಮನೆ ಬಾಗಿಲಲ್ಲೇ ಒಬ್ಬ ಗುಂಡಿಟ್ಟು ಕೊಂದ. ಅವನು ಹಿಂದೆ ಆಕೆಗೆ ಅಭಿಮಾನದ ಪತ್ರ ಬರೆಯುತ್ತಿದ್ದವನು. ಖಾಸಗಿ ಪತ್ತೇದಾರನಿಗೆ ದುಡ್ಡು ಕೊಟ್ಟು, ವಾಹನ ಇಲಾಖೆಯ ದಾಖಲೆಯಿಂದ ವಿಳಾಸ ತೆಗೆಸಿದ್ದ. ಮರುವರ್ಷ ಕ್ಯಾಲಿಫೋರ್ನಿಯಾದಲ್ಲಿ, ಬೆನ್ನುಬಿದ್ದು ಕಾಡುವುದನ್ನೇ ಅಪರಾಧ ಎಂದು ಹೇಳುವ ಕಾನೂನು ಬಂತು. ಅಮೆರಿಕದಲ್ಲಿ ಅಂಥದ್ದು ಅದೇ ಮೊದಲು. ವಾಹನ ದಾಖಲೆಗಳಲ್ಲಿರುವ ವಿಳಾಸ ಕಂಡವರ ಕೈಗೆ ಸಿಗದ ಹಾಗೆ ಇಡೀ ದೇಶಕ್ಕೆ ಕಾನೂನು ಆಗಿದ್ದು 1994ರಲ್ಲಿ.

ನಿಮ್ಮನ್ನು ಹೆದರಿಸಬೇಕು ಅಂತ ಇದನ್ನು ಹೇಳುತ್ತಿಲ್ಲ. ನಟ ನಟಿಯರಿಗೆ ಮೆಸೇಜ್ ಕಳಿಸುವವರಲ್ಲಿ ಬಹುತೇಕರು ಯಾರಿಗೂ ತೊಂದರೆ ಕೊಡದವರು. ಆದರೆ ಗೇಟಿನ ಫೋಟೊ ಕಳಿಸಿದವನಿಗೆ ನಿಮ್ಮ ಮನೆ ಎಲ್ಲಿದೆ ಅಂತ ಗೊತ್ತಾಗಿದೆ. ಅದನ್ನು ನಿಮಗೆ ತಿಳಿಸುವ ಆಸೆಯೂ ಅವನಿಗಿದೆ. ಅವನಿಗೆ ಉತ್ತರ ಕೊಡಬೇಡಿ, ಬೈಯಲೂ ಬೇಡಿ. ಒಂದು ಮೆಸೇಜನ್ನೂ ಅಳಿಸಬೇಡಿ. ತಾರೀಕು ಕಾಣುವ ಹಾಗೆ ಸ್ಕ್ರೀನ್‌ಶಾಟ್ ತೆಗೆದಿಡಿ. ಈ ವಾರವೇ ಪೊಲೀಸರಿಗೆ ಬರವಣಿಗೆಯಲ್ಲಿ ದೂರು ಕೊಡಿ, ಸ್ವೀಕೃತಿ ತಗೊಳ್ಳಿ. ತಂಗಿ ಎಲ್ಲಿಗಾದರೂ ಹೋದ ಫೋಟೊ ಹಾಕುವುದಿದ್ದರೆ ಅಲ್ಲಿಂದ ಹೊರಟು ಬಂದ ಮೇಲೆ ಹಾಕಲಿ.

ಈಗ ನಿಮ್ಮ ದೊಡ್ಡ ಪ್ರಶ್ನೆ. ಆ ಪ್ರೀತಿ ಖಂಡಿತ ಸುಳ್ಳಾಗಿರಲಿಲ್ಲ. ತಲೆ ಸವರಿದ ಅಜ್ಜಿ ಮನಸ್ಸಿಟ್ಟೇ ಸವರಿದ್ದಾರೆ. ಆದರೆ ಅವರು ಸವರಿದ್ದು ಯಾರ ತಲೆ ಅಂತ ನೋಡಬೇಕು.

ಸಿನಿಮಾದವರನ್ನು ನೋಡೋಕೆ ಜನ ಥಿಯೇಟರಿಗೆ ಹೋಗುತ್ತಾರೆ. ಟಿವಿಯವರು ತಾವೇ ಮನೆಗೆ ಬರುತ್ತಾರೆ, ದಿನಾ, ಅದೇ ಹೊತ್ತಿಗೆ. ಒಬ್ಬರು ಬಟ್ಟೆ ಮಡಚುತ್ತಾ ನೋಡುತ್ತಾರೆ, ಇನ್ನೊಬ್ಬರು ಮಗುವಿಗೆ ಹೋಂವರ್ಕ್ ಮಾಡಿಸುತ್ತಾ, ಮತ್ತೊಬ್ಬರು ಹಾಸಿಗೆ ಹಿಡಿದವರ ಪಕ್ಕ ಕೂತು. ಮನೆಯವರ ಮುಂದೆ ಅಳೋಕಾಗದ ಹೆಣ್ಣುಮಗಳು ಟಿವಿ ಮುಂದೆ ಅಳುತ್ತಾಳೆ, ಯಾಕೆ ಅಂತ ಯಾರೂ ಕೇಳಲ್ಲ. ಹೀಗೆ ಮೂರು ವರ್ಷ. ಬೇರೆ ಊರಿನಲ್ಲಿರುವ ಒಡಹುಟ್ಟಿದವರ ಮುಖವನ್ನೂ ಅಷ್ಟು ಸಲ ನೋಡಿರಲ್ಲ. ಟಿವಿ ಇನ್ನೂ ಹೊಸದಾಗಿದ್ದ ಕಾಲದಲ್ಲೇ, 1956ರಲ್ಲಿ, ಡೊನಾಲ್ಡ್ ಹಾರ್ಟನ್ ಮತ್ತು ರಿಚರ್ಡ್ ವೋಲ್ ಎಂಬ ಇಬ್ಬರು ವಿದ್ವಾಂಸರು ಇದರ ಬಗ್ಗೆ ಬರೆದರು. ಪರದೆಯಲ್ಲಿ ಕಾಣುವವರ ಜೊತೆ ನೋಡುಗರಿಗೆ ಆಪ್ತ ಪರಿಚಯ ಬೆಳೆಯುತ್ತೆ, ಆದರೆ ಅದು ಒಂದೇ ಕಡೆಯಿಂದ ಅಂತ. 'ಪ್ಯಾರಾಸೋಷಿಯಲ್' ಎಂಬ ಮಾತು ಬಂದಿದ್ದು ಅವರಿಂದ. ಅಜ್ಜಿಗೆ ನಿಮ್ಮ ತಂಗಿ ಮೂರು ವರ್ಷದಿಂದ ಗೊತ್ತು. ನಿಮ್ಮ ತಂಗಿಗೆ ಅಜ್ಜಿ ಎರಡು ನಿಮಿಷದಿಂದ ಗೊತ್ತು.

ಅದರಲ್ಲೂ ಅಜ್ಜಿಗೆ ಗೊತ್ತಿದ್ದದ್ದು ಪಾತ್ರ. ಅಮೆರಿಕದಲ್ಲಿ 1969ರಿಂದ 1976ರವರೆಗೆ ಒಬ್ಬ ಒಳ್ಳೆಯ ವೈದ್ಯನ ಕಥೆಯ ಧಾರಾವಾಹಿ ಬರುತ್ತಿತ್ತು. ಆ ವೈದ್ಯ, ಡಾಕ್ಟರ್ ಮಾರ್ಕಸ್ ವೆಲ್ಬಿ, ಮೊದಲ ಐದು ವರ್ಷಗಳಲ್ಲಿ ನೋಡುಗರಿಂದ ಎರಡೂವರೆ ಲಕ್ಷ ಪತ್ರ ಪಡೆದ. ಹೆಚ್ಚಿನವರು ಕೇಳಿದ್ದು ತಮ್ಮ ಕಾಯಿಲೆಗೆ ಸಲಹೆ. ಪಾತ್ರ ಮಾಡಿದ ರಾಬರ್ಟ್ ಯಂಗ್ ವೈದ್ಯರೇ ಅಲ್ಲ. ದೂರದರ್ಶನದಲ್ಲಿ 1987ರಲ್ಲಿ ಶುರುವಾದ ರಾಮಾಯಣವನ್ನು ನೆನೆಸಿಕೊಳ್ಳಿ. ರಾಮನಾಗಿದ್ದ ಅರುಣ್ ಗೋವಿಲ್ ಕಾಲಿಗೆ ಜನ ಎಲ್ಲೆಂದರಲ್ಲಿ ಬೀಳುತ್ತಿದ್ದರು. 1991ರ ಲೋಕಸಭಾ ಚುನಾವಣೆಯಲ್ಲಿ ಸೀತೆಯಾಗಿದ್ದ ದೀಪಿಕಾ ಚಿಖಲಿಯಾ ಗೆದ್ದರು. ರಾವಣನಾಗಿದ್ದ ಅರವಿಂದ ತ್ರಿವೇದಿ ಕೂಡ ಗೆದ್ದರು! ಜನ ದಡ್ಡರಾಗಿದ್ದರು ಅಂತ ನಾನು ಯಾವತ್ತೂ ಒಪ್ಪಲ್ಲ. ಒಂದು ಮುಖ ಅಷ್ಟು ದಿನ ಮನೆಯೊಳಗೆ ಇದ್ದರೆ ಯಾರಿಗಾದರೂ ಹಾಗಾಗುತ್ತೆ. ಇದರ ಇನ್ನೊಂದು ಮಗ್ಗುಲೂ ಇದೆ. ಅದೇ ಹೊತ್ತಿಗೆ ಇನ್ನೊಂದು ಮುಖ ಬರತೊಡಗಿದರೆ ಜನರ ಮನಸ್ಸು ಅದಕ್ಕೂ ಹೊಂದಿಕೊಳ್ಳುತ್ತೆ. ಅದರಲ್ಲಿ ಮೋಸವೂ ಇಲ್ಲ, ನಿಮ್ಮ ತಂಗಿಯ ಬಗ್ಗೆ ಯಾವ ತೀರ್ಪೂ ಇಲ್ಲ.

ಇನ್ನೊಂದು ಮಾತು ಹೇಳಬೇಕು. ಈ ಪತ್ರಕ್ಕೆ ಇಷ್ಟು ಉದ್ದ ಉತ್ತರ ಬರೆಯುತ್ತಿರೋದೇ ಅದಕ್ಕೋಸ್ಕರ. "ಹೆಸರಿನ ರುಚಿ ಹತ್ತಿಬಿಟ್ಟಿದೆ, ಅದು ಹೋಗಿದ್ದಕ್ಕೆ ಹೀಗಾಗಿದ್ದಾಳೆ" ಅಂತ ಬರೆದಿದ್ದೀರಿ. ಅದರಲ್ಲಿ ಸ್ವಲ್ಪ ನಿಜ ಇರಬಹುದು. ಡೊನಾ ರಾಕ್‌ವೆಲ್ ಮತ್ತು ಡೇವಿಡ್ ಜೈಲ್ಸ್ ಎಂಬ ಮನಶ್ಶಾಸ್ತ್ರಜ್ಞರು 15 ಮಂದಿ ಹೆಸರಾಂತರನ್ನು ಮಾತಾಡಿಸಿ 2009ರಲ್ಲಿ ಒಂದು ಅಧ್ಯಯನ ಪ್ರಕಟಿಸಿದರು. ಪ್ರಸಿದ್ಧಿ ಅಂದರೆ ಮೊದಲು ಖುಷಿ, ಕಿರಿಕಿರಿ ಎರಡೂ. ಆಮೇಲೆ ಅದು ಬೇಕೇ ಬೇಕು ಅನ್ನೋ ಚಟ. ಆಮೇಲೆ ಒಪ್ಪಿಕೊಳ್ಳೋದು, ಹೊಂದಿಕೊಂಡು ಬದುಕೋದು. ಬಹುಮಟ್ಟಿಗೆ ಇದೇ ದಾರಿ ಅವರಿಗೆ ಕಂಡಿದ್ದು. ಹೆಚ್ಚುಕಡಿಮೆ ಎಲ್ಲ ಮಾದಕ ವಸ್ತುಗಳ ಚಟವನ್ನೂ ಕಂಡಿದ್ದೇನೆ, ಪ್ರಸಿದ್ಧಿಯ ಚಟ ಎಲ್ಲಕ್ಕಿಂತ ಜಾಸ್ತಿ ಅಂತ ಒಬ್ಬರು ಹೇಳಿದ್ದರು. ಯಾರನ್ನೂ ನಂಬೋಕೆ ಆಗಲ್ಲ, ಒಂಟಿ ಅನ್ನಿಸುತ್ತೆ ಅಂತಲೂ ಹೇಳಿಕೊಂಡರು.

ಆದರೂ ನಿಮ್ಮ ತಂಗಿಗೆ ಹೋಗಿದ್ದು ಬರೀ ಹೆಸರು ಅಂತ ನನಗೆ ಅನ್ನಿಸಲ್ಲ. ಹೋಗಿದ್ದು ಕೆಲಸ. ಮನೆಯಲ್ಲಿ ಯಾರೂ ಅದನ್ನು ಕೆಲಸ ಅಂತ ನೋಡಿರಲಿಲ್ಲವೇನೋ.

ದಿನನಿತ್ಯದ ಧಾರಾವಾಹಿಯ ಕೆಲಸ ಹೇಗಿರುತ್ತೆ ಅಂತ ಒಮ್ಮೆ ನೋಡಿ. ಬೆಳಗ್ಗೆ ಏಳಕ್ಕೆಲ್ಲ ಮೇಕಪ್ ಕುರ್ಚಿಯಲ್ಲಿ ಇರಬೇಕು. ಹನ್ನೆರಡು ಗಂಟೆ ದುಡಿಮೆ ಅನ್ನೋದು ಮಾಮೂಲಿ ದಿನ. ಸೀನ್ ಪೇಪರ್ ಎಷ್ಟೋ ಸಲ ಶಾಟ್‌ಗೆ ಸ್ವಲ್ಪ ಮುಂಚೆ ಕೈಗೆ ಬರುತ್ತೆ. ಅದರ ಮೇಲಿನ ಇಂಕ್ ಒಣಗೋದರೊಳಗೆ ಒಂದು ಪುಟ ಮಾತು ಬಾಯಿಗೆ ಬರಬೇಕು. ಬಾಗಿಲು ತೆಗೆದು ಅಳುತ್ತಾ ಒಳಗೆ ಬರುವ ಶಾಟ್ ಇವತ್ತು, ಬಾಗಿಲ ಆಚೆ ಅಳು ಶುರುವಾಗುವ ಶಾಟ್ ನಾಲ್ಕು ದಿನ ಬಿಟ್ಟು ಬೇರೆ ಮನೆಯಲ್ಲಿ. ಆ ನಾಲ್ಕು ದಿನದಲ್ಲಿ ಒಂದು ಮದುವೆ ಸೀನ್, ಒಂದು ಆಸ್ಪತ್ರೆ ಸೀನ್ ಬಂದು ಹೋಗಿರುತ್ತೆ. ಆದರೂ ಉಸಿರು ಕಟ್ಟಿದ ರೀತಿ, ಕಣ್ಣೀರು ನಿಂತ ಜಾಗ, ಸೆರಗು ಯಾವ ಕೈಲಿತ್ತು, ಎಲ್ಲ ಕೂಡಬೇಕು. ಸೆರಗು, ಬಳೆಯನ್ನು ಕಂಟಿನ್ಯುಟಿ ನೋಡೋ ಅಸಿಸ್ಟೆಂಟ್ ಫೋಟೊದಲ್ಲಿ ತೋರಿಸುತ್ತಾರೆ. ಅಳುವಿನ ಅಳತೆಯನ್ನು ಯಾರೂ ತೋರಿಸಲ್ಲ, ಅದು ನಟಿಯ ಒಳಗೇ ನೆನಪಿರಬೇಕು. ಇದನ್ನು ನಿಮ್ಮ ತಂಗಿ ಮೂರು ವರ್ಷ ಮಾಡಿದ್ದಾರೆ. ಜ್ವರ ಬಂದ ದಿನವೂ ಮಾಡಿರುತ್ತಾರೆ, ಯಾಕೆಂದರೆ ಬ್ಯಾಂಕಿಂಗ್ ಎಪಿಸೋಡ್, ಅಂದರೆ ಮುಂಚೆಯೇ ಶೂಟ್ ಮಾಡಿಟ್ಟ ಎಪಿಸೋಡ್, ಇಲ್ಲದಿದ್ದರೆ ನಾಳೆ ಚಾನೆಲ್‌ಗೆ ಕೊಡೋಕೆ ಏನೂ ಇರಲ್ಲ.

ಮತ್ತೆ ಅದು ನಿಲ್ಲುವ ರೀತಿ ಇದೆಯಲ್ಲ, ಅದು ಬಹಳ ಒರಟು. ಮೀಟರ್ ಇಟ್ಟ ಒಂದಷ್ಟು ಮನೆಗಳಲ್ಲಿ ಯಾರು ಏನು ನೋಡಿದರು ಅನ್ನೋದರ ಮೇಲೆ ವಾರ ವಾರ ರೇಟಿಂಗ್ ಬರುತ್ತೆ. ಅದು ಇಳಿದರೆ ಕಥೆಯ ಟ್ರ್ಯಾಕ್ ಬದಲಾಯಿಸುತ್ತಾರೆ, ಸ್ಲಾಟ್ ಅಂದರೆ ಪ್ರಸಾರದ ಹೊತ್ತು ಬದಲಾಯಿಸುತ್ತಾರೆ, ಕೊನೆಗೆ ನಿಲ್ಲಿಸುತ್ತಾರೆ. ನಟಿಯ ಕಿವಿಗೆ ಸುದ್ದಿ ಬೀಳೋದು ಕಟ್ಟಕಡೆಗೆ. ಕೊನೆಯ ಶಾಟ್ ಆಗುತ್ತೆ, ಕೇಕ್ ಕತ್ತರಿಸುತ್ತಾರೆ, ಗ್ರೂಪ್ ಫೋಟೊ ತೆಗೆಸುತ್ತಾರೆ. ಅಷ್ಟರಲ್ಲೇ ಸೆಟ್ಟಿನ ಹಾಲ್‌ನಲ್ಲಿದ್ದ ಪರದೆ ಬಿಚ್ಚೋಕೆ ಶುರು. ಸೀರೆ, ಒಡವೆ ಎಣಿಸಿ ಕಾಸ್ಟ್ಯೂಮ್‌ನವರಿಗೆ ವಾಪಸ್. ಮಾರನೇ ದಿನ ಏಳು ಗಂಟೆಗೆ ಅವರಿಗಾಗಿ ಕಾಯುವವರು ಯಾರೂ ಇಲ್ಲ. ದಿನಚರಿ, ಸಂಬಳ, ದಿನಾ ಜೊತೆಗೆ ಊಟ ಮಾಡುತ್ತಿದ್ದ ಐವತ್ತು ಜನ, ಎಲ್ಲ ಒಂದೇ ಸಂಜೆ ಹೋಯಿತು. ಹೊರಗಿನವರಿಗೆ ಕಂಡದ್ದು ಮಾತ್ರ ಸೆಲ್ಫಿ ನಿಂತಿದ್ದು.

ಇವರ ಮುಖ ಇಟ್ಟುಕೊಂಡು ವ್ಯಾಪಾರ ಮಾಡಿದವರು ಆಮೇಲೆ ಒಂದು ಫೋನಾದರೂ ಮಾಡಬೇಕು ಅನ್ನೋದು ನನ್ನ ಗಟ್ಟಿ ಅಭಿಪ್ರಾಯ. ಬ್ರಿಟನ್ನಿನ ಪ್ರಸಾರ ನಿಯಂತ್ರಕ ಸಂಸ್ಥೆ ಆಫ್‌ಕಾಮ್, ರಿಯಾಲಿಟಿ ಶೋನಂಥ ಕಾರ್ಯಕ್ರಮಗಳಲ್ಲಿ ಭಾಗವಹಿಸುವವರ ಕ್ಷೇಮ ನೋಡಿಕೊಳ್ಳಬೇಕು ಅಂತ 2021ರಲ್ಲಿ ನಿಯಮ ತಂದಿತು. ಧಾರಾವಾಹಿ ಕಲಾವಿದರ ಬಗ್ಗೆಯೂ ನಿರ್ಮಾಪಕರು, ಚಾನೆಲ್‌ನವರು ಇದೇ ರೀತಿ ಯೋಚಿಸಲಿ. ಈ ಪತ್ರಿಕೆಯಲ್ಲಿ ಅದನ್ನು ನಾವು ಕೇಳುತ್ತಲೇ ಇರುತ್ತೇವೆ.

ಪಾತ್ರದ ಹೆಸರು ಅಂಟಿಕೊಂಡು ಬಿಡಲ್ಲ ಅನ್ನೋ ತಂಗಿಯ ದೂರಿಗೆ ಒಬ್ಬರ ಕಥೆ ಹೇಳುತ್ತೇನೆ. ಅಮೆರಿಕದ ನಟ ಲಿಯೊನಾರ್ಡ್ ನಿಮೊಯ್ 'ಸ್ಟಾರ್ ಟ್ರೆಕ್' ಧಾರಾವಾಹಿಯಲ್ಲಿ ಸ್ಪಾಕ್ ಎಂಬ ಪಾತ್ರ ಮಾಡಿದ್ದು 1966ರಿಂದ 1969ರವರೆಗೆ, ಅಂದರೆ ಅವರದ್ದೂ ಮೂರೇ ವರ್ಷ. ಪಾತ್ರ ಬೆನ್ನು ಬಿಡಲಿಲ್ಲ. 1975ರಲ್ಲಿ ಬರೆದ ಆತ್ಮಕಥೆಗೆ ಅವರು 'ನಾನು ಸ್ಪಾಕ್ ಅಲ್ಲ' ಎಂಬ ಅರ್ಥದ ಹೆಸರಿಟ್ಟರು. ಪಾತ್ರವನ್ನೇ ತಿರಸ್ಕರಿಸಿದರು ಅಂತ ಅಭಿಮಾನಿಗಳು ಸಿಟ್ಟಾದರು. ಇಪ್ಪತ್ತು ವರ್ಷ ಬಿಟ್ಟು, 1995ರಲ್ಲಿ ಇನ್ನೊಂದು ಆತ್ಮಕಥೆ ಬಂತು. ಅದರ ಹೆಸರು 'ನಾನು ಸ್ಪಾಕ್'. ನಡುವಿನ ವರ್ಷಗಳಲ್ಲಿ ಅವರು ಸುಮ್ಮನೆ ಕೂತಿರಲಿಲ್ಲ. ನಾಟಕ ಮಾಡಿದರು, ಫೋಟೊ ತೆಗೆದರು, ಕವಿತೆ ಬರೆದರು, ಸಿನಿಮಾ ನಿರ್ದೇಶನ ಮಾಡಿದರು. ಕೈತುಂಬ ಬೇರೆ ಕೆಲಸ ಇದ್ದದ್ದರಿಂದಲೇ ಆ ಹಳೇ ಹೆಸರಿನ ಜೊತೆ ರಾಜಿ ಆಗೋಕೆ ಸಾಧ್ಯವಾಯಿತು ಅಂತ ನನಗನ್ನಿಸುತ್ತೆ.

ಅದಕ್ಕೇ ಅತ್ತಿಗೆ ಪಾತ್ರದ ಬಗ್ಗೆ ಅವಸರದಲ್ಲಿ ಬೇಡ ಅನ್ನಬೇಡಿ, ಒತ್ತಾಯವನ್ನೂ ಮಾಡಬೇಡಿ. "ಲೀಡ್ ಅಲ್ಲದಿದ್ರೂ ಪರವಾಗಿಲ್ಲ, ಒಪ್ಕೋ" ಅಂತ ಮಾತ್ರ ಹೇಳಬೇಡಿ. ಆ ಮಾತಿನಲ್ಲೇ ಇಳಿಕೆ ಇದೆ. ಬದಲಿಗೆ ಪಾತ್ರ ಏನು ಮಾಡುತ್ತೆ, ತಿಂಗಳಿಗೆ ಎಷ್ಟು ದಿನ ಕಾಲ್‌ಶೀಟ್, ನಿರ್ದೇಶಕರು ಯಾರು ಅಂತ ವಿಚಾರಿಸೋಕೆ ಹೇಳಿ. ಧಾರಾವಾಹಿಗಳಲ್ಲಿ ಎಷ್ಟೋ ಸಲ ನಾಯಕಿ ಬರೀ ಸಹಿಸಿಕೊಂಡು ಕೂತಿರುತ್ತಾಳೆ, ಅತ್ತಿಗೆಗೆ ಆಡೋಕೆ ಜಾಸ್ತಿ ಇರುತ್ತೆ. ನಿಮ್ಮ ತಂಗಿಗೇ ಗೊತ್ತಿರುವ ವಿಷಯ ಇದು. ಕೇಳಿದರೆ ನಿಮಗೇ ವಿವರಿಸಿ ಹೇಳಿಯಾರು. ಬೇಡ ಅಂತ ಅವರೇ ನಿರ್ಧರಿಸಿದರೆ ಅದೂ ಸರಿ. ನಟನೆಯನ್ನೇ ಬಿಟ್ಟು ಬೇರೆ ದಾರಿ ಹಿಡಿದರೂ ಅದು ಸೋಲಲ್ಲ. ನಿದ್ದೆ, ಊಟ ಸರಿ ಇಲ್ಲದೆ ವಾರಗಟ್ಟಲೆ ಹೀಗೇ ಇದ್ದರೆ ಮಾತ್ರ ತಡ ಮಾಡಬೇಡಿ, ಮನೋವೈದ್ಯರ ಹತ್ತಿರ ಕರೆದುಕೊಂಡು ಹೋಗಿ.

ರಾತ್ರಿ ಅವರು ಟಿವಿ ಮುಂದೆ ಕೂತಾಗ ಚಾನೆಲ್ ಬದಲಾಯಿಸಬೇಡಿ. ಪಕ್ಕದಲ್ಲಿ ಕೂತು ನೀವೂ ನೋಡಿ. ಆ ಹೊಸ ಹುಡುಗಿಯ ನಟನೆ ಹೇಗಿದೆ ಅಂತ ಕೇಳಿ. ಕಸುಬು ಬಲ್ಲವರ ಕಣ್ಣಿಗೆ ಏನೇನು ಕಾಣುತ್ತೆ ಅಂತ ನಿಮಗೂ ಗೊತ್ತಾಗುತ್ತೆ.

ಇನ್ನು ಲೇಖನ. "ಈಗ ಎಲ್ಲಿದ್ದಾರೆ?" ಎಂಬ ಲೇಖನವನ್ನು ನಾನು ಹಾಕಲ್ಲ. ಹಳೇ ಫೋಟೊ, ಹೊಸ ಫೋಟೊ ಪಕ್ಕಪಕ್ಕ ಹಾಕಿದರೆ ಓದುಗರು ಅಯ್ಯೋ ಪಾಪ ಅಂತಾರೆ, ಎರಡು ದಿನ ಫೋನ್ ಬರುತ್ತೆ, ಮತ್ತೆ ನಿಲ್ಲುತ್ತೆ. ಒಂದು ಸಲ ಅನುಭವಿಸಿದ್ದನ್ನು ಅವರು ಎರಡನೇ ಸಲ ಅನುಭವಿಸಬೇಕಾಗುತ್ತೆ. ಗೇಟಿನ ಫೋಟೊ ಕಳಿಸಿದವನಿಗೂ ಅದು ಅನುಕೂಲ. ಆದರೆ ಅವರಿಗೆ ಮನಸ್ಸಿದ್ದರೆ ತಮ್ಮ ಕಸುಬಿನ ಬಗ್ಗೆ ತಾವೇ ಬರೆಯಲಿ. ನಾಲ್ಕು ದಿನದ ಅಂತರದಲ್ಲಿ ಒಂದೇ ಅಳುವನ್ನು ಹೇಗೆ ಕೂಡಿಸುತ್ತಾರೆ ಅನ್ನೋದನ್ನು ಬರೆದರೂ ಸಾಕು. ಹೊಸದಾಗಿ ಸೆಟ್‌ಗೆ ಕಾಲಿಡುವ ಹುಡುಗ ಹುಡುಗಿಯರಿಗೆ ಅದು ಬೇಕು. ಪುಟದ ಮಿತಿ ಇಲ್ಲ, ಫೋಟೊ ಬೇಡ, ಯಾವ ಹೆಸರಲ್ಲಿ ಬೇಕಾದರೂ ಹಾಕುತ್ತೇವೆ. ಬೇರೆ ಲೇಖಕರಿಗೆ ಕೊಡುವ ಗೌರವಧನವನ್ನೇ ಅವರಿಗೂ ಕೊಡುತ್ತೇವೆ. ಅವಸರ ಏನಿಲ್ಲ, ಬರೆದಾಗ ನೇರವಾಗಿ ನನ್ನ ಹೆಸರಿಗೇ ಕಳಿಸಲಿ.

ಸಂಪಾದಕ