ಹೊತ್ತಿನ ಅಡುಗೆ: ನಿಮ್ಮ ಪ್ರಶ್ನೆ, ನಮ್ಮ ಉತ್ತರ

ಪ್ರಶ್ನೆ: ಹೊತ್ತು ಹಿಗ್ಗಿಸುವ ಜೋಳದ ರೊಟ್ಟಿ ಕಲಿಯುತ್ತಿದ್ದೇನೆ. ಬಡಿಯುವಾಗ ಅಂಚು ಬಿರಿಯುತ್ತದೆ. ತಿಂದವರಿಗೆ ಮಧ್ಯಾಹ್ನ ಹಿಗ್ಗುವ ಬದಲು ತುಂಡುತುಂಡಾಗಿ ಬರುತ್ತದೆ; ಮೂರು ಗಂಟೆ ಎರಡು ಸಲ ಆಗುತ್ತದೆ. ತಪ್ಪೆಲ್ಲಿ? (ಸಿಂಧನೂರು)

ಉತ್ತರ: ನೀರಿನಲ್ಲಿ. ಜೋಳದ ಹಿಟ್ಟಿಗೆ ಗೋಧಿಯ ಜಿಗುಟಿಲ್ಲ. ಕುದಿನೀರು ಬಿದ್ದರೇ ಅದರ ಪಿಷ್ಟ ಅಂಟಾಗುವುದು. 2 ಬಟ್ಟಲು ಹಿಟ್ಟಿಗೆ ಒಂದೂವರೆ ಬಟ್ಟಲು ಕುದಿನೀರು, ಉಳಿದದ್ದು ನಾದುವಾಗ ಕೈಗೆ ಹಚ್ಚಿಕೊಂಡಷ್ಟು. ಎಲ್ಲ ಒಟ್ಟಿಗೆ ನಾದಿಡಬೇಡಿ, ಒಂದೊಂದೇ ಉಂಡೆಯನ್ನು ಬಡಿಯುವ ಮುಂಚೆ ಮತ್ತೆ ಮಿದಿಯಿರಿ. ಬೀಸಿ ಬಹಳ ದಿನವಾದ ಹಿಟ್ಟಾದರೆ ಯಾವ ಮಂತ್ರವೂ ನಾಟುವುದಿಲ್ಲ.

ಹಂಚಿಗೆ ಹಾಕಿದ ಮೇಲೆ ಒದ್ದೆ ಬಟ್ಟೆ ಸವರುತ್ತೀರಲ್ಲ, ಹೊತ್ತು ಒಳಗೆ ಸೇರುವುದು ಆಗಲೇ. ಆ ನೀರು ಆರುವ ಮುಂಚೆ ತಿರುವಿದರೆ ಹಿಟ್ಟು ಹಂಚಿಗೆ ಹತ್ತುತ್ತದೆ, ಜೊತೆಗೆ ನಿಮಿಷಗಳೂ. ಚೆನ್ನಾಗಿ ಉಬ್ಬಿದ ರೊಟ್ಟಿ ಒಂದು ಗಂಟೆಯನ್ನು ಎರಡು ಮಾಡುತ್ತದೆ. ಉಬ್ಬದ್ದು ಕಾಲು ಗಂಟೆ ಕೊಟ್ಟರೆ ಹೆಚ್ಚು. ಕೂಡಿಡಬೇಕೆಂದರೆ ಸಣ್ಣ ಉರಿಯಲ್ಲಿ ತೇವ ಪೂರ್ತಿ ಹೋಗುವ ತನಕ ಒತ್ತಿ ಖಡಕ್ ಮಾಡಿ. ಮಳೆಗಾಲದಲ್ಲಿ ಮುಚ್ಚಿಡದೆ ಮೆತ್ತಗಾದ ಖಡಕ್ ರೊಟ್ಟಿ ತಿಂದರೆ ಸಿಗುವುದು ನಿನ್ನೆಯ ಮಧ್ಯಾಹ್ನವೇ.

ಪ್ರಶ್ನೆ: ಬಸ್ಸಿಗೆ ಕಾಯುವ ಹೊತ್ತನ್ನು ಮಂಡಕ್ಕಿ ಒಗ್ಗರಣೆಯಿಂದ ಮೊಟಕು ಮಾಡಬಹುದೇ? (ಬಳ್ಳಾರಿ)

ಉತ್ತರ: ಮಾಡಬಹುದು. ಮಂಡಕ್ಕಿಯನ್ನು ನೀರಲ್ಲಿ ಅದ್ದಿ, ಹತ್ತು ಎಣಿಸುವುದರೊಳಗೆ ಹಿಂಡಿ ತೆಗೆಯಿರಿ. ಹೆಚ್ಚು ನೆಂದರೆ ಮುದ್ದೆಯಾಗುತ್ತದೆ, ಬಸ್ಸೂ ಹೋಗಿರುತ್ತದೆ. ಪುಟಾಣಿ ಪುಡಿ ಉರಿ ಆರಿಸಿದ ಮೇಲೆ ಉದುರಿಸಿ. ಜೊತೆಗೆ ಮಿರ್ಚಿ ತಿಂದರೆ ಹೊತ್ತು ಮತ್ತೆ ನಿಧಾನವಾಗುತ್ತದೆ ಎಂಬ ಎಚ್ಚರಿಕೆಯೂ ಇದೆ. ಬಳ್ಳಾರಿಯಲ್ಲಿ ಅದನ್ನು ಯಾರು ಕೇಳುತ್ತಾರೆ!