ಕುಕ್ಕರ್ ಸೀಟಿ ಹೊಡೆಯಲಿ ಬಿಡಿ

ಜೇವರ್ಗಿ ರಸ್ತೆ ಕಡೆಯ ಓದುಗರೊಬ್ಬರು ನಾಲ್ಕು ಪುಟದ ಪತ್ರ ಬರೆದಿದ್ದಾರೆ. ಹೆಸರು ಹಾಕಬೇಡಿ ಎಂದಿದ್ದಾರೆ, ಹಾಕುವುದಿಲ್ಲ. ಕಲಬುರಗಿಯ ಒಂದು ದಾಲ್ ಮಿಲ್‌ನಲ್ಲಿ ಲೆಕ್ಕ ಬರೆಯುತ್ತಾರೆ. ಹೋದ ವರ್ಷ ಹತ್ತು ದಿನದ ವಿಪಶ್ಯನ ಶಿಬಿರಕ್ಕೆ, ಅಂದರೆ ಮಾತು ಬಿಟ್ಟು ಕೂತು ಧ್ಯಾನ ಕಲಿಯುವ ಶಿಬಿರಕ್ಕೆ, ಹೋಗಿ ಬಂದರಂತೆ. ಅಂಥ ನೆಮ್ಮದಿ ಜನ್ಮದಲ್ಲಿ ಕಂಡಿರಲಿಲ್ಲವಂತೆ. ಈಗ ದಿನಾ ಬೆಳಗ್ಗೆ ಐದಕ್ಕೆ ಎದ್ದು ಒಂದು ತಾಸು ಕೂರುತ್ತಾರೆ. ಆದರೆ ಮನೆ ಎರಡೇ ಕೋಣೆಯದು. ತಾಯಿಯ ಕೆಮ್ಮು, ಮಕ್ಕಳ ಜಗಳ, ಕುಕ್ಕರ್ ಸೀಟಿ. ನಲ್ಲಿ ನೀರು ಬಿಡುವ ದಿನ ಮೋಟಾರ್ ಸದ್ದು ಬೇರೆ. ಅಂಥ ಒಂದು ದಿನ ಕೂತಲ್ಲಿಂದಲೇ ಹೆಂಡತಿಯ ಮೇಲೆ ಕೂಗಾಡಿದರಂತೆ. ಕೊನೆಗೆ ಮೂರು ಮಾತು ಕೇಳಿದ್ದಾರೆ. ಶಿಬಿರದ ಶಾಂತಿ ಮನೆಯಲ್ಲಿ ಯಾಕೆ ಸಿಗುತ್ತಿಲ್ಲ, ಸಿಟ್ಟು ಮೊದಲಿಗಿಂತ ಜಾಸ್ತಿಯಾಗಿದೆಯಲ್ಲ? ಧ್ಯಾನಕ್ಕೆಂದೇ ಮಾಳಿಗೆ ಮೇಲೆ ಒಂದು ಕೋಣೆ ಕಟ್ಟಿಸಲೇ? ಧ್ಯಾನ ಮಾಡುವವರು ಬಿಪಿ ಮಾತ್ರೆ ಬಿಡಬಹುದೇ?

ಕೋಣೆ ಕಟ್ಟಿಸಬೇಡಿ ಸರ್. ನಮ್ಮೂರ ಮೇ ತಿಂಗಳಲ್ಲಿ ಮಾಳಿಗೆ ಮೇಲಿನ ತಗಡಿನ ಕೋಣೆಯಲ್ಲಿ ಕೂತರೆ ವೈರಾಗ್ಯ ತಾನಾಗಿಯೇ ಬರುತ್ತದೆ, ಧ್ಯಾನ ಬೇಕಾಗುವುದಿಲ್ಲ.

ಶಿಬಿರದ ವಿಷಯಕ್ಕೆ ಬರೋಣ. ಅಲ್ಲಿ ಸಿಕ್ಕ ಮೌನ ನೀವೊಬ್ಬರೇ ದುಡಿದು ಗಳಿಸಿದ್ದಲ್ಲ. ಬೆಳಗ್ಗೆ ನಾಲ್ಕಕ್ಕೆ ಯಾರೋ ಗಂಟೆ ಬಾರಿಸಿ ಎಬ್ಬಿಸಿದರು. ಮೊಬೈಲ್ ಮೊದಲೇ ಇಸಿದುಕೊಂಡಿದ್ದರು. ಹಿಂದೆ ಶಿಬಿರ ಮಾಡಿದವರು ಸೇವೆಗೆ ನಿಂತು ಊಟ, ವ್ಯವಸ್ಥೆ ಎಲ್ಲ ನೋಡಿಕೊಂಡರು. ಮನೆಯಲ್ಲಿ ಅದನ್ನೆಲ್ಲ ಯಾರು ಮಾಡುತ್ತಾರೆ? ನಿಮ್ಮ ಪತ್ರದ ಪ್ರಕಾರವೇ ಐದಕ್ಕೆ ಏಳುವವರು ಇಬ್ಬರು. ಒಬ್ಬರು ಕಣ್ಣು ಮುಚ್ಚಿ ಕೂರುತ್ತೀರಿ, ಇನ್ನೊಬ್ಬರು ಕೊಡ ತುಂಬುತ್ತಾರೆ.

ಮೌನ ನೀವು ಹಿಡಿದ ವ್ರತ. ಸೋಮವಾರ ಉಪವಾಸ ಮಾಡುವವರು ಮನೆಮಂದಿಯನ್ನೆಲ್ಲ ಉಪವಾಸ ಕೆಡವುತ್ತಾರೇನು? ಸಿಟ್ಟು ನಿಜವಾಗಿ ಹೆಚ್ಚಾಗಿದೆಯೋ, ಮೊದಲು ಕಾಣದಿದ್ದದ್ದು ಈಗ ಕಣ್ಣಿಗೆ ಬೀಳುತ್ತಿದೆಯೋ, ಇಲ್ಲಿ ಕೂತು ನಾನು ಹೇಳಲಾರೆ. ಆದರೆ ಒಂದು ಮಾತಂತೂ ನಿಜ. ಮೊದಲು ಕೆಮ್ಮು ಬರೀ ಕೆಮ್ಮಾಗಿತ್ತು. ಈಗ ಅದು ನಿಮ್ಮ ಧ್ಯಾನ ಕೆಡಿಸುವ ಅಪರಾಧವಾಗಿದೆ. ಪಾಪ, ಮುದುಕಿ ಏನು ಮಾಡಬೇಕು?

ಇನ್ನು, ಖಾಲಿ ಕೋಣೆ ಸಿಕ್ಕರೆ ಎಲ್ಲ ಸರಿಯಾಗುತ್ತದೆ ಎಂಬ ನಂಬಿಕೆ. 2014ರಲ್ಲಿ ಅಮೆರಿಕದ ವರ್ಜೀನಿಯಾ ವಿಶ್ವವಿದ್ಯಾಲಯದ ಸಂಶೋಧಕರು ಜನರನ್ನು ಒಬ್ಬೊಬ್ಬರನ್ನಾಗಿ ಖಾಲಿ ಕೋಣೆಯಲ್ಲಿ 15 ನಿಮಿಷ ಕೂರಿಸಿದರು. ಜೊತೆಗೆ ಒಂದು ಗುಂಡಿ ಇಟ್ಟರು. ಒತ್ತಿದರೆ ಕರೆಂಟ್ ಹೊಡೆಯುತ್ತದೆ. ಆ ಶಾಕ್ ತಪ್ಪಿಸಿಕೊಳ್ಳಲು ದುಡ್ಡು ಬೇಕಾದರೂ ಕೊಡುತ್ತೇವೆ ಎಂದಿದ್ದವರೇ ಅವರು. ಆದರೂ 18 ಗಂಡಸರಲ್ಲಿ 12 ಮಂದಿ, 24 ಹೆಂಗಸರಲ್ಲಿ 6 ಮಂದಿ ತಾವಾಗಿಯೇ ಗುಂಡಿ ಒತ್ತಿಕೊಂಡರು! ಸುಮ್ನೆ ಕೂರುವುದಕ್ಕಿಂತ ಶಾಕ್ ವಾಸಿ ಅನ್ನಿಸಿರಬೇಕು. ಬೈಯಲು ಅಲ್ಲಿ ಹೆಂಡತಿ ಇರಲಿಲ್ಲ, ಅಷ್ಟೇ.

ಮನೆ, ಕೆಲಸದ ನಡುವೆಯೇ ಧ್ಯಾನಕ್ಕೆ ಕೂರುವುದು ನಮ್ಮ ಭಾಗದವರಿಗೆ ಹೊಸದಲ್ಲ. 12ನೇ ಶತಮಾನದಲ್ಲಿ ಕಲ್ಯಾಣಕ್ಕೆ ಬಂದು ಸೇರಿದವರು ಯಾರು? ಚಪ್ಪಲಿ ಹೊಲಿಯುವವರು, ದೋಣಿ ನಡೆಸುವವರು, ಅಕ್ಕಿ ಆಯುವವರು. ಕಾಯಕ ಬಿಟ್ಟು ಗುಡ್ಡ ಸೇರಿ ಎಂದು ಅವರಿಗೆ ಯಾರೂ ಹೇಳಲಿಲ್ಲ. ಇಷ್ಟಲಿಂಗವನ್ನು ಎಡ ಅಂಗೈಯಲ್ಲಿಟ್ಟು ದೃಷ್ಟಿ ನಿಲ್ಲಿಸಿ ಕೂರಲು ಒಂದು ಚಾಪೆಯಷ್ಟು ಜಾಗ ಸಾಕು. 1400ರ ಆಸುಪಾಸಿನಲ್ಲಿ ಕಲಬುರಗಿಗೆ ಬಂದ ಸೂಫಿ ಸಂತ ಬಂದೇ ನವಾಜರನ್ನು ತೆಗೆದುಕೊಳ್ಳಿ. ಸೂಫಿಗಳಲ್ಲಿ ತುಟಿ ಅಲುಗಿಸದೆ ಒಳಗೊಳಗೇ ದೇವರ ಹೆಸರು ನೆನೆಯುವ ರೂಢಿ ಇದೆ. ಜಿಕ್ರ್-ಎ-ಖಫಿ ಅನ್ನುತ್ತಾರೆ. ಉರುಸಿನ ನೂಕುನುಗ್ಗಲಲ್ಲಿ ನಿಂತು ಮಾಡಿದರೂ ಪಕ್ಕದವರಿಗೆ ಗೊತ್ತಾಗಲ್ಲ. ನಿಮ್ಮ ಧ್ಯಾನ ಮಾತ್ರ ಓಣಿಗೆಲ್ಲ ಗೊತ್ತಾಗುತ್ತಿದೆ.

ಪೂರ್ತಿ ನಿಶ್ಶಬ್ದ ಬೇಕೇ ಬೇಕು ಅನ್ನಿಸಿದರೆ ನಮ್ಮ ಗುಲಬರ್ಗಾ ವಿಶ್ವವಿದ್ಯಾಲಯದ ಹತ್ತಿರ ಬುದ್ಧ ವಿಹಾರ ಇದೆಯಲ್ಲ, 2009ರಿಂದ. ಅಲ್ಲಿನ ಧ್ಯಾನ ಮಂದಿರದಲ್ಲಿ ಸ್ವಲ್ಪ ಹೊತ್ತು ಕೂತು ಬನ್ನಿ. ಹೊರಗೆ ಸೆಲ್ಫಿ ತೆಗೆಯುವವರ ಮೇಲೆ ಸಿಟ್ಟಾಗದಿದ್ದರೆ ಸರಿ.

ಮುಂದಿನ ಸಲ ನೀರು ಬಂದ ದಿನ ಧ್ಯಾನಕ್ಕೆ ಕೂರಬೇಡಿ. ಹೋಗಿ ಪೈಪ್ ಹಿಡಿಯಿರಿ. ಕೊಡಕ್ಕೆ ನೀರು ಬೀಳುವ ಸದ್ದು ಕೇಳಿ. ಮೊದಲು ದಪ್ಪಗೆ ಬುಡಕ್ಕೆ ಬಡಿಯುತ್ತದೆ. ನೀರು ಏರಿದಂತೆಲ್ಲ ಸದ್ದು ಸಣ್ಣಗಾಗುತ್ತದೆ. ಕಂಠಕ್ಕೆ ಬರುವಾಗ ಚೂಪಾಗುತ್ತದೆ. ಆ ಸದ್ದಿನ ಮೇಲೆಯೇ ಹೆಣ್ಣುಮಕ್ಕಳು ಬಗ್ಗಿ ನೋಡದೆ ಪೈಪ್ ತೆಗೆದು ಇನ್ನೊಂದು ಕೊಡಕ್ಕೆ ಹಾಕುತ್ತಾರೆ. ಎಂದಾದರೂ ಗಮನಿಸಿದ್ದೀರಾ? ಹತ್ತು ಕೊಡ ತುಂಬುವವರೆಗೆ ಆ ಸದ್ದಿನಲ್ಲೇ ಇರಲು ನೋಡಿ. ಮನಸ್ಸು ಮಿಲ್ಲಿನ ಲೆಕ್ಕಕ್ಕೆ ಓಡುತ್ತದೆ. ಓಡಲಿ, ವಾಪಸ್ ಕರೆತನ್ನಿ. ಶಿಬಿರದ ಮೊದಲ ಮೂರು ದಿನ ಉಸಿರಿನ ಮೇಲೆ ಮಾಡಿದ್ದೂ ಇದೇ ಕೆಲಸ.

ನೀರಿಲ್ಲದ ದಿನ ಶಹಾಬಾದ್ ಪರಸಿ ಮೇಲೆ ಕಂಬಳಿ ಹಾಸಿ ಕೂರಿ. ಮನೆ ಸಣ್ಣದಿದ್ದಾಗ ಒಂದು ತಾಸು ಬೇಡ, ಇಪ್ಪತ್ತು ನಿಮಿಷ ಸಾಕು ಅಂತ ನನ್ನ ಲೆಕ್ಕ. ಶಿಬಿರದವರು ಒಪ್ಪಲಿಕ್ಕಿಲ್ಲ. ಕುಕ್ಕರ್ ಇಡಬೇಡಿ ಎಂದು ಯಾರಿಗೂ ಹೇಳಬೇಡಿ. ಸೀಟಿಗೆ ಮೊದಲು ಅದು ಸುಯ್ ಅನ್ನುತ್ತದಲ್ವಾ, ಆಗಲೇ ನಿಮ್ಮ ದವಡೆ ಬಿಗಿಯುತ್ತದೆ. ಉಸಿರು ಎದೆಗೇರುತ್ತದೆ. ಕಿವಿ ಬಿಸಿಯಾಗುತ್ತದೆ. ಬೈಗುಳ ಬಾಯಿಗೆ ಬರುವುದು ಇಷ್ಟೆಲ್ಲ ಆದ ಮೇಲೆ. ದವಡೆ ಬಿಗಿದದ್ದು ಗೊತ್ತಾದರೆ ಬೈಗುಳಕ್ಕೆ ಮೊದಲು ಒಂದು ಉಸಿರಿನಷ್ಟು ಹೊತ್ತು ಸಿಗುತ್ತದೆ. ನಾಲ್ಕನೇ ದಿನದಿಂದ ತಲೆಯಿಂದ ಕಾಲಿನವರೆಗೆ ಮೈಯನ್ನು ಗಮನಿಸಲು ಕಲಿಸಿದ್ದು ಇಲ್ಲಿ ಕೆಲಸಕ್ಕೆ ಬರಬೇಕು. ಬಂತೋ ಇಲ್ಲವೋ ಎಂದು ತಿಂಗಳ ನಂತರ ಮಕ್ಕಳನ್ನು ಕೇಳಿ, ಮುಲಾಜಿಲ್ಲದೆ ಹೇಳುತ್ತಾರೆ.

ಬಿಪಿ ಮಾತ್ರೆ ಬಿಡಬೇಡಿ. ಇದರಲ್ಲಿ ಚರ್ಚೆಯೇ ಇಲ್ಲ. ಧ್ಯಾನದ ಬಗ್ಗೆ ನಡೆದ 47 ಪ್ರಯೋಗಗಳನ್ನು, ಒಟ್ಟು 3,515 ಜನರ ಮೇಲೆ ಮಾಡಿದ್ದನ್ನು, 2014ರಲ್ಲಿ ಒಟ್ಟಿಗೆ ಇಟ್ಟು ನೋಡಿದ್ದಾರೆ. ಆತಂಕ, ಖಿನ್ನತೆ, ನೋವಿಗೆ ತಕ್ಕಮಟ್ಟಿಗೆ ಉಪಯೋಗವಿದೆ. ಆದರೆ ಔಷಧಿಗಿಂತ, ವ್ಯಾಯಾಮಕ್ಕಿಂತ ಮೇಲು ಎನ್ನಲು ಆಧಾರ ಸಿಗಲಿಲ್ಲ. ಇನ್ನೊಂದು ಮಾತು, ಇದು ಎಲ್ಲ ಓದುಗರಿಗೂ. ಕೂತಾಗ ಹಳೆಯ ಕೆಟ್ಟ ನೆನಪು ಮೇಲೆದ್ದು ಭಯ ಶುರುವಾದರೆ, ನಿದ್ದೆ ಹೋದರೆ, ಹಟ ಮಾಡಿ ಕೂರಬೇಡಿ. ನಿಲ್ಲಿಸಿ, ವೈದ್ಯರನ್ನು ನೋಡಿ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ-ಮಾನಸ್‌ನ 14416ಕ್ಕೆ ಫೋನ್ ಮಾಡಿದರೂ ಆಯಿತು, ದುಡ್ಡು ಬೀಳಲ್ಲ.

ನಿಮ್ಮ ಪತ್ರದ ಕೊನೆಯ ಪುಟದ ಅಂಚಿನಲ್ಲಿ ಬೇರೆ ಕೈಬರಹದ ಎರಡು ಸಾಲು ಇವೆ. ನೀವು ನೋಡಿದ್ದೀರೋ ಇಲ್ಲವೋ. "ಆ ಶಿಬಿರಕ್ಕೆ ಹೆಂಗಸರೂ ಹೋಗಬಹುದಾ? ಎಷ್ಟು ಖರ್ಚು ಬರ್ತದೆ?" ತಾಯಿ, ಧಾರಾಳವಾಗಿ ಹೋಗಬಹುದು. ಹೆಂಗಸರಿಗೆ ಬೇರೆ ವಸತಿ ಇರುತ್ತದೆ. ಊಟಕ್ಕೂ ವಸತಿಗೂ ಶುಲ್ಕ ಇಲ್ಲ, ಹಿಂದೆ ಶಿಬಿರ ಮಾಡಿದವರು ಕೊಟ್ಟ ದಾನದಲ್ಲೇ ನಡೆಯುತ್ತದೆ. ಹೆಸರು ಮಾತ್ರ ಮೊದಲೇ ಬರೆಸಬೇಕು. ಸರ್, ಅವರು ಹೋಗುವ ಮೊದಲು ಅಮ್ಮನ ಕೆಮ್ಮಿನ ಔಷಧಿ ಎಲ್ಲಿರುತ್ತದೆ, ಮೋಟಾರ್ ಸ್ವಿಚ್ ಯಾವುದು ಎಂದು ಕೇಳಿ ಬರೆದಿಟ್ಟುಕೊಳ್ಳಿ.