ಊರಿನ ನಕ್ಷೆಯನ್ನು ಹಿತ್ತಲ ಕಡೆಯಿಂದ ಓದುವುದು

ನೀವು ಕೇಳಿರುವುದು ಇಷ್ಟು: "ಎಂ.ಎ.ಗೆ ನಗರ ಇತಿಹಾಸ ಅಂತ ಒಂದು ಪೇಪರ್ ಇದೆ. ಯಾರು ಕೋಟೆ ಕಟ್ಟಿದರು, ಯಾರು ಗೆದ್ದರು ಅನ್ನೋದು ಬಿಟ್ಟರೆ ಅದರಲ್ಲಿ ಓದೋಕೆ ಏನಿದೆ? ಊರು ಸಮಾಜವನ್ನು ರೂಪಿಸುತ್ತೆ ಅಂತ ಮೇಷ್ಟ್ರು ಹೇಳ್ತಾರೆ. ಊರು ಕಟ್ಟೋದು ಜನ ಅಲ್ವಾ? ನಾನು ತಿಪಟೂರಿನವನು, ಉದಾಹರಣೆ ಕೊಟ್ಟು ಹೇಳಿ."

ಇಪ್ಪತ್ತು ವರ್ಷದಿಂದ ಪದವಿ ಕಾಲೇಜಿನಲ್ಲಿ ಇತಿಹಾಸ ಪಾಠ ಮಾಡುತ್ತಿದ್ದೇನೆ, ಇದೇ ಪ್ರಶ್ನೆ ಪ್ರತಿ ವರ್ಷ ಯಾರಾದರೂ ಒಬ್ಬರು ಕೇಳುತ್ತಾರೆ. ಊರು ಕಟ್ಟುವುದು ಜನವೇ, ಅನುಮಾನವಿಲ್ಲ. ಆದರೆ ಕಟ್ಟಿದವರು ಹೋಗಿ ಮೂರು ತಲೆಮಾರಾದ ಮೇಲೂ ಅವರು ಎಬ್ಬಿಸಿದ ಗೋಡೆ ಅಲ್ಲೇ ನಿಂತಿರುತ್ತದೆ. ಯಾರು ಯಾವ ಬಾಗಿಲಿನಿಂದ ಬರಬೇಕು, ಯಾರ ಮುಖ ಯಾರಿಗೆ ಕಾಣಬೇಕು ಅನ್ನುವುದನ್ನು ಅದು ತೀರ್ಮಾನಿಸುತ್ತಲೇ ಇರುತ್ತದೆ. ನಾನು ಬೆಂಗಳೂರಿನವನು, ನನಗೆ ಗೊತ್ತಿರುವ ಊರಿನಿಂದಲೇ ಹೇಳುತ್ತೇನೆ. ಕೋಟೆಯಿಂದಲ್ಲ, ಒಂದು ಕಕ್ಕಸಿನಿಂದ ಶುರು ಮಾಡುತ್ತೇನೆ, ಬೇಸರ ಮಾಡಿಕೊಳ್ಳಬೇಡಿ.

ಮಲ್ಲೇಶ್ವರದಲ್ಲಿ ನಮ್ಮಜ್ಜಿಯ ಮನೆ ಇತ್ತು. ಹಿತ್ತಲಿನ ಕೊನೆಗೆ ಕಾಂಪೌಂಡ್ ಗೋಡೆ, ಆ ಗೋಡೆಯ ಬುಡದಲ್ಲಿ ಸುಮಾರು ಒಂದೂವರೆ ಅಡಿ ಚೌಕದಷ್ಟು ಜಾಗದಲ್ಲಿ ಮಾತ್ರ ಇಟ್ಟಿಗೆಯ ಬಣ್ಣ ಬೇರೆ. ಉಳಿದ ಗೋಡೆ ಸುಣ್ಣದ ಗಾರೆಯದು, ಆ ತುಂಡಿಗೆ ಮಾತ್ರ ಸಿಮೆಂಟು. ಅದೇನೆಂದು ಚಿಕ್ಕಂದಿನಲ್ಲಿ ಕೇಳಿದರೆ ಅಜ್ಜಿ "ಏನಿಲ್ಲ ಬಿಡೋ" ಅಂದುಬಿಡುತ್ತಿದ್ದರು. ಕಾಲೇಜಿಗೆ ಹೋಗುವಾಗ ಹಟ ಹಿಡಿದು ಕೇಳಿದೆ. ಅವರು ಮದುವೆಯಾಗಿ ಆ ಮನೆಗೆ ಬಂದ ಹೊಸತರಲ್ಲಿ ಅಲ್ಲಿ ಗುಂಡಿ ಇಲ್ಲದ ಕಕ್ಕಸು ಇತ್ತಂತೆ. ಕೆಳಗೆ ತಗಡಿನ ಡಬ್ಬ. ಬೆಳಗಿನ ಜಾವ ಹಿಂದಿನ ಗಲ್ಲಿಯಿಂದ ಒಬ್ಬ ಹೆಂಗಸು ಬಂದು, ಆ ಕಿಂಡಿಯ ತಗಡಿನ ಬಾಗಿಲು ಎತ್ತಿ, ಡಬ್ಬ ಎಳೆದು, ಬಳಿದುಕೊಂಡು ಹೋಗುತ್ತಿದ್ದಳಂತೆ. "ತಗಡು ಕೆರೆಯೋ ಸದ್ದು ಕೇಳಿದ್ರೆ ಎದ್ದು ಒಲೆ ಹಚ್ಚೋ ಹೊತ್ತಾಯ್ತು ಅಂತ ಲೆಕ್ಕ," ಅಂದರು ಅಜ್ಜಿ. ಅವಳ ಹೆಸರೇನು ಅಂದೆ. ಅಜ್ಜಿ ತುಂಬ ಹೊತ್ತು ಯೋಚಿಸಿದರು. ತೆಲುಗು ಮಾತಾಡುತ್ತಿದ್ದಳು ಅನ್ನುವುದೊಂದು ನೆನಪಿತ್ತು, ಗೋಡೆಯಾಚೆಯಿಂದ ಕೇಳಿದ್ದು. ಮುಖ ನೋಡಿದ ನೆನಪಿರಲಿಲ್ಲ.

ಅಜ್ಜಿ ಕೆಟ್ಟವರಲ್ಲ. ನನ್ನ ವಾದ ನಿಂತಿರುವುದೇ ಅದರ ಮೇಲೆ. ಆ ಹೆಂಗಸಿನ ಮುಖ ನೋಡದೆ ವರ್ಷಗಟ್ಟಲೆ ಬದುಕುವುದಕ್ಕೆ ಅಜ್ಜಿ ಏನೂ ಮಾಡಬೇಕಾಗಿರಲಿಲ್ಲ; ಬಡಾವಣೆಯ ನಕ್ಷೆಯೇ ಆ ಕೆಲಸ ಮಾಡಿ ಮುಗಿಸಿತ್ತು. ಎರಡು ಸಾಲು ಮನೆಗಳ ಬೆನ್ನುಗಳ ನಡುವೆ ಒಂದು ಸಣ್ಣ ಓಣಿ, ಕನ್ಸರ್ವೆನ್ಸಿ ಗಲ್ಲಿ ಅನ್ನುತ್ತೇವಲ್ಲ, ಅದು. ಮುಂದಿನ ರಸ್ತೆ ಹೂವಿನವಳಿಗೆ, ಪುರೋಹಿತರಿಗೆ, ನೆಂಟರಿಗೆ. ಹಿಂದಿನದು ಮಲ ಹೊರುವವರಿಗೆ. ಜಾತಿ ಹಳೆಯದೇ. ಆದರೆ ಅದನ್ನು ಅಳತೆ ಹಿಡಿದು, ಗೂಟ ನೆಟ್ಟು, ಸೈಟಿನ ಜೊತೆಗೇ ಮಾರಿದ್ದು ಹೊಸ ಊರು.

ಈ ಗಲ್ಲಿ ಯಾಕೆ ಬಂತು ಅಂತ ಹುಡುಕಿಕೊಂಡು ಹೋದರೆ ಪ್ಲೇಗಿಗೆ ಬಂದು ನಿಲ್ಲುತ್ತೀರಿ. 1896ರಲ್ಲಿ ಮುಂಬಯಿಗೆ ಬಂದ ಪ್ಲೇಗು ರೈಲು ಹಿಡಿದು 1898ರ ಆಗಸ್ಟ್ ಹೊತ್ತಿಗೆ ಬೆಂಗಳೂರಿಗೆ ಬಂತು. ಪೇಟೆಯಲ್ಲಿ ಇಲಿ ಬಿದ್ದರೆ ಸಾಕು, ಮನೆ ಬಿಟ್ಟು ಊರಾಚೆ ಗುಡಿಸಲು ಹಾಕಿಕೊಳ್ಳುವುದು. ಮಲ್ಲೇಶ್ವರ, ಬಸವನಗುಡಿಗಳು ಪ್ಲೇಗಿನಿಂದಲೇ ಹುಟ್ಟಿದವು ಅಂತ ಎಲ್ಲರೂ ಹೇಳುತ್ತಾರೆ, ನಾನೂ ಹಾಗೇ ಪಾಠ ಮಾಡುತ್ತಿದ್ದೆ. ನಿಜವಾಗಿ ವಿಸ್ತರಣೆಯ ಯೋಜನೆ 1892ರ ಸುಮಾರಿಗೇ, ದಿವಾನ್ ಶೇಷಾದ್ರಿ ಅಯ್ಯರ್ ಕಾಲದಲ್ಲೇ ಇತ್ತು. ಅಷ್ಟು ದೂರದ ಬಯಲಿಗೆ ಹೋಗಲು ಜನಕ್ಕೆ ಮನಸ್ಸಿರಲಿಲ್ಲ. ಆ ಮನಸ್ಸು ಕೊಟ್ಟದ್ದು ಪ್ಲೇಗು.

ಇಲ್ಲೊಂದು ತಮಾಷೆ ಇದೆ. ಇಲಿಯ ಮೈಮೇಲಿನ ಚಿಗಟದಿಂದ ಪ್ಲೇಗು ಹರಡುತ್ತದೆ ಎಂದು ಪಾಲ್ ಲೂಯಿ ಸಿಮೊಂದ್ ಎಂಬ ಫ್ರೆಂಚ್ ವೈದ್ಯ ಕರಾಚಿಯಲ್ಲಿ ಪ್ರಯೋಗ ಮಾಡಿ ಕಂಡುಕೊಂಡದ್ದು ಅದೇ 1898ರಲ್ಲಿ. ಅದನ್ನು ಉಳಿದವರು ಒಪ್ಪಲು ಇನ್ನೂ ಕೆಲವು ವರ್ಷ ಹಿಡಿಯಿತು. ಅಲ್ಲಿಯವರೆಗೆ ಅಧಿಕಾರಿಗಳ ತಲೆಯಲ್ಲಿದ್ದದ್ದು ಕೊಳಕು, ಇಕ್ಕಟ್ಟು, ಕೆಟ್ಟ ಗಾಳಿ. ಅದಕ್ಕೇ ಅಗಲ ರಸ್ತೆ, ಮನೆಯ ಸುತ್ತ ಖಾಲಿ ಜಾಗ, ಮರ, ಕೊಳಕನ್ನು ಹಿಂದಿನಿಂದಲೇ ಸಾಗಿಸಲು ಗಲ್ಲಿ. ನಾವು ಇವತ್ತು "ಹಳೇ ಬೆಂಗಳೂರು ಎಷ್ಟು ಚೆನ್ನಾಗಿತ್ತು" ಅಂತ ಕಣ್ಣಲ್ಲಿ ನೀರು ತಂದುಕೊಳ್ಳುವ ಬೀದಿಗಳಲ್ಲಿ ಅರ್ಧ ಪಾಲು ತಪ್ಪು ವಿಜ್ಞಾನದ ಕೊಡುಗೆ. ಸೈಟುಗಳನ್ನು ಮೊದಲು ಹಂಚುವಾಗ ಜಾತಿ ನೋಡಿಯೇ ಬ್ಲಾಕು ಮಾಡಿದ್ದರು, ಆ ಮಾತನ್ನು ಕಣ್ಣೀರಿನವರು ಹೇಳುವುದಿಲ್ಲ.

ಹಾಗಾದರೆ ಅವರು ಬಿಟ್ಟುಬಂದ ಪೇಟೆ ಹೇಗಿತ್ತು? 1537ರಲ್ಲಿ ಕೆಂಪೇಗೌಡರು ಕಟ್ಟಿಸಿದ ಊರು. ನಾಲ್ಕು ಜೋಡಿ ಎತ್ತು ಹೂಡಿ ನಾಲ್ಕು ದಿಕ್ಕಿಗೆ ಗೆರೆ ಎಳೆಸಿದರು ಅನ್ನುವ ಕಥೆ ನಿಮಗೆ ಗೊತ್ತೇ ಇದೆ. ಅದು ಕಥೆ, ಕಥೆಯ ಹಾಗೇ ಇಟ್ಟುಕೊಳ್ಳಿ. ಬೀದಿಗಳ ಹೆಸರು ಕೇಳಿದರೆ ಸಾಕು: ಗಾಣಿಗರಪೇಟೆ, ಕುಂಬಾರಪೇಟೆ, ಉಪ್ಪಾರಪೇಟೆ, ತಿಗಳರಪೇಟೆ, ನಗರ್ತಪೇಟೆ, ಬಳೇಪೇಟೆ, ಅಕ್ಕಿಪೇಟೆ, ತರಗುಪೇಟೆ. ಹಲವು ಕಡೆ ಜಾತಿಯೂ ಕಸುಬೂ ಬೀದಿಯ ಹೆಸರೂ ಒಂದೇ. ಇದೂ ಜಾತಿಯ ನಕ್ಷೆಯೇ. 1800ರಲ್ಲಿ ಬೆಂಗಳೂರಿಗೆ ಬಂದ ಈಸ್ಟ್ ಇಂಡಿಯಾ ಕಂಪನಿಯ ವೈದ್ಯ ಫ್ರಾನ್ಸಿಸ್ ಬುಕಾನನ್ ಇಲ್ಲಿನ ಎಡಗೈ ಬಲಗೈ ಪಂಗಡಗಳನ್ನು, ಅಂದರೆ ಎರಡು ಬಣಗಳಾಗಿ ನಿಂತಿದ್ದ ಜಾತಿಗಳನ್ನು, ಎಣಿಸಿ ಬರೆದುಕೊಂಡಿದ್ದಾನೆ, ಎಡಗೈಯವು ಒಂಬತ್ತು, ಬಲಗೈಯವು ಹದಿನೆಂಟು. ಈ ಪಂಗಡಗಳ ಹೊಡೆದಾಟ ಮುಖ್ಯವಾಗಿ ನಡೆಯುತ್ತಿದ್ದದ್ದು ಯಾರ ಮೆರವಣಿಗೆ ಯಾವ ಬೀದಿಯಲ್ಲಿ ಹೋಗಬಹುದು ಅನ್ನುವುದಕ್ಕೆ.

ಒಂದು ವ್ಯತ್ಯಾಸ ಗಮನಿಸಿ. ಪೇಟೆಯ ಮನೆ ಇಕ್ಕಟ್ಟು ಮುಖದ, ಉದ್ದ ಹೊಟ್ಟೆಯ ಮನೆ. ಮುಂದೆ ಜಗಲಿ, ಅದೇ ಅಂಗಡಿ. ಹಿಂದೆಯೋ ಅಟ್ಟದ ಮೇಲೋ ಸಂಸಾರ. ಗಾಣಿಗನ ಎಣ್ಣೆ ಬಳೆಗಾರನಿಗೆ ಬೇಕು, ಕುಂಬಾರನ ಮಡಕೆ ಎಲ್ಲರಿಗೂ ಬೇಕು, ಹಾಗಾಗಿ ಒಬ್ಬರ ಬೀದಿ ಇನ್ನೊಬ್ಬರು ತುಳಿಯಲೇಬೇಕು. ಜಗಳವಾಡುವುದಕ್ಕಾದರೂ ಎದುರಿಗೆ ಸಿಗಬೇಕಿತ್ತು. ವಿಸ್ತರಣೆಗೆ ಹೋದವರು ದುಡಿಮೆಯನ್ನು ಪೇಟೆಯಲ್ಲೋ ಕಚೇರಿಯಲ್ಲೋ ಬಿಟ್ಟು, ಸಂಸಾರವನ್ನು ಮಾತ್ರ ಹೊತ್ತು ಹೋದರು. ಗುಮಾಸ್ತರು, ವಕೀಲರು, ಮೇಷ್ಟ್ರುಗಳು. ಹೆಂಗಸರ ದಿನ ಪೂರ್ತಿ ಬದಲಾಯಿತು. ಪೇಟೆಯಲ್ಲಿ ನಮ್ಮ ಅಜ್ಜಿಯ ಅತ್ತೆ ಗಲ್ಲಾಪೆಟ್ಟಿಗೆ ಮುಂದೆ ಕೂತು ವ್ಯಾಪಾರ ನೋಡಿದವರು. ಮಲ್ಲೇಶ್ವರಕ್ಕೆ ಬಂದ ಮೇಲೆ ಅವರಿಗೆ ಕೂರಲು ಜಗಲಿಯೇ ಇಲ್ಲ, ಗೇಟು ಬಂತು. "ಗೃಹಿಣಿ" ಅನ್ನುವವಳು ಎಲ್ಲಿಂದ ಬಂದಳು ಅಂತ ಯಾರಾದರೂ ಕೇಳಿದರೆ ನಾನು ಸೈಟಿನ ನಕ್ಷೆ ತೋರಿಸುತ್ತೇನೆ. ಸ್ವಲ್ಪ ಅತಿಯಾಯಿತು, ಆದರೆ ಸ್ವಲ್ಪವೇ.

ದಂಡಿನ, ಅಂದರೆ ಬ್ರಿಟಿಷರ ಕಂಟೋನ್ಮೆಂಟಿನ ಕಥೆ ಬೇರೆ, ಅದನ್ನು ಬೇಗ ಮುಗಿಸುತ್ತೇನೆ. ಟಿಪ್ಪು ಸತ್ತ ಮೇಲೆ ಶ್ರೀರಂಗಪಟ್ಟಣದಲ್ಲಿದ್ದ ಬ್ರಿಟಿಷ್ ಸೈನ್ಯ ಮಲೇರಿಯಾ ತಾಳಲಾರದೆ 1809ರಲ್ಲಿ ಹಲಸೂರಿನ ಪಕ್ಕಕ್ಕೆ ಬಂತು. ಅದರ ಬೆನ್ನಿಗೇ ಅಡುಗೆಯವರು, ದರ್ಜಿಗಳು, ಗುತ್ತಿಗೆದಾರರು, ಹೆಚ್ಚಿನವರು ತಮಿಳು ನಾಡಿನ ಕಡೆಯವರು. 1862ರಲ್ಲಿ ಪೇಟೆಗೊಂದು, ದಂಡಿಗೊಂದು ಪುರಸಭೆಯಾಯಿತು, 1949ರಲ್ಲಿ ಅವೆರಡನ್ನೂ ಕೂಡಿಸಿದರು. ಮಧ್ಯದಲ್ಲಿ ಕಬ್ಬನ್ ಪಾರ್ಕು. ಎರಡು ಆಡಳಿತ, ಎರಡು ರೈಲು ನಿಲ್ದಾಣ, ಎರಡು ಮಾರುಕಟ್ಟೆ. ಬೆಂಗಳೂರಿನ ಭಾಷಾ ಜಗಳಗಳ ಬೇರು ಹುಡುಕುವವರು ಭಾಷಣ ಓದುವ ಮೊದಲು ಈ ಗೆರೆಯ ಮೇಲೆ ಒಂದು ಸಲ ನಡೆಯಬೇಕು ಅನ್ನುವುದು ನನ್ನ ಅಭಿಪ್ರಾಯ.

ನನಗೆ ಇವೆಲ್ಲಕ್ಕಿಂತ ಮನಸ್ಸಿಗೆ ಹತ್ತಿರವಾದದ್ದು ಸಂಪಂಗಿ ಕೆರೆಯ ಕಥೆ. 1896ರಲ್ಲಿ ಹೆಸರಘಟ್ಟದಿಂದ ಬೆಂಗಳೂರಿಗೆ ಕೊಳವೆ ನೀರು ಬಂತು. ಒಳ್ಳೆಯದೇ ಆಯಿತು. ಆದರೆ ನಲ್ಲಿಯಲ್ಲಿ ನೀರು ಬಂದ ಮೇಲೆ ಕೆರೆಯ ಹೂಳು ಯಾರು ಎತ್ತುತ್ತಾರೆ? ಕುಡಿಯುವವರಿಗೆ ಬೇಡವಾದ ಕೆರೆ ತೋಟದವರಿಗೆ ಮಾತ್ರ ಬೇಕಾಗಿ ಉಳಿಯಿತು. ಆ ತೋಟದವರು ತಿಗಳರು, ಹೂವು ತರಕಾರಿ ಬೆಳೆಯುವವರು. ಊರಿನ ಕಣ್ಣಿಗೆ ಕೆರೆ ಖಾಲಿ ಜಾಗವಾಗಿ ಕಾಣತೊಡಗಿತು, ಖಾಲಿ ಜಾಗ ಕಂಡರೆ ಊರು ಸುಮ್ಮನಿರುವುದಿಲ್ಲ. ಧರ್ಮಾಂಬುಧಿ ಕೆರೆ ಮೆಜೆಸ್ಟಿಕ್ ಬಸ್ ನಿಲ್ದಾಣವಾಯಿತು, ಸಂಪಂಗಿ ಕೆರೆ ಕಂಠೀರವ ಕ್ರೀಡಾಂಗಣವಾಯಿತು. ತಿಗಳರ ತೋಟಗಳೂ ಹೋದವು. ಉಳಿದದ್ದು ಒಂದು ಚಿಕ್ಕ ಕೊಳ ಮತ್ತು ಕರಗ. ತಿಗಳರಪೇಟೆಯ ಧರ್ಮರಾಯನ ಗುಡಿಯ ಕರಗದ ವಿಧಿಗಳಿಗೆ ಇವತ್ತಿಗೂ ಆ ಸಂಪಂಗಿ ಕೊಳವೇ ಬೇಕು. ಚೈತ್ರದ ಹುಣ್ಣಿಮೆ ರಾತ್ರಿ ಕರಗ ಪೇಟೆ ಬೀದಿಗಳನ್ನೆಲ್ಲ ಸುತ್ತಿ, ಮಸ್ತಾನ್ ಸಾಹೇಬರ ದರ್ಗಾಕ್ಕೂ ಹೋಗಿ, ಬೆಳಗಾಗುವ ಹೊತ್ತಿಗೆ ಗುಡಿ ಸೇರುತ್ತದೆ. ಒಮ್ಮೆ ನನ್ನ ವಿದ್ಯಾರ್ಥಿಗಳನ್ನು ಕರೆದುಕೊಂಡು ಆ ದಾರಿಯುದ್ದಕ್ಕೂ ನಡೆದಿದ್ದೆ, ಕೈಯಲ್ಲೊಂದು ಹಳೇ ನಕ್ಷೆಯ ಜೆರಾಕ್ಸ್. ಆ ಜೆರಾಕ್ಸ್ ಸಂಪಾದಿಸಲು ಒಂದು ಸರ್ಕಾರಿ ಕಚೇರಿಗೆ ಏಳು ಸಲ ಅಲೆದಿದ್ದೆ, ಅದು ಇನ್ನೊಂದು ದಿನದ ಪುರಾಣ. ಆವತ್ತು ರಾತ್ರಿ ಎರಡೂವರೆ ಗಂಟೆಗೆ ಹೂವಿನ ಮಳೆಯಲ್ಲಿ ನಕ್ಷೆ ಒದ್ದೆಯಾಗಿ ಹರಿಯಿತು. ಆಮೇಲೆ ಅದರ ಅಗತ್ಯವೂ ಬೀಳಲಿಲ್ಲ, ಕರಗದ ಹಿಂದೆ ಹೋದರೆ ಹಳೇ ಊರಿನಲ್ಲೇ ಇರುತ್ತೀರಿ.

ಇಷ್ಟೆಲ್ಲ ಹೇಳಿದೆನೆಂದು ನಕ್ಷೆ ಹೇಳಿದ ಹಾಗೆ ಜನ ಕುಣಿಯುತ್ತಾರೆ ಅಂದುಕೊಳ್ಳಬೇಡಿ. ನಿಮ್ಮ ತಕರಾರಿನಲ್ಲೂ ಹುರುಳಿದೆ. ಮಲ್ಲೇಶ್ವರದ ನಕ್ಷೆ ಬರೆದವರ ಮನಸ್ಸಿನಲ್ಲಿದ್ದದ್ದು ಒಂದು ಸೈಟಿಗೆ ಒಂದು ಮನೆ. ಸೈಟು ತೆಗೆದುಕೊಂಡವರಿಗೆ ಬಾಡಿಗೆ ಆಸೆ. ಹಿತ್ತಲಲ್ಲಿ ಆರೆಂಟು ಬಾಗಿಲಿನ ವಠಾರ ಎದ್ದಿತು, ಎಲ್ಲರಿಗೂ ಸೇರಿ ಒಂದು ನಲ್ಲಿ. ಬ್ಲಾಕು ಯಾವ ಜಾತಿಯದ್ದೇ ಆಗಿರಲಿ, ನಲ್ಲಿಯ ಮುಂದೆ ಕೊಡದ ಸಾಲಿನಲ್ಲಿ ಬೇರೆ ಬೇರೆ ಜನ ನಿಂತರು, ಜಗಳವಾಡಿದರು, ಸಾಲ ಕೊಟ್ಟರು, ಓಡಿಹೋಗಿ ಮದುವೆಯೂ ಆದರು. ಆದರೆ ಯಾರು ವಠಾರದೊಳಗೆ ಬರಬಹುದು ಅನ್ನುವುದಕ್ಕೆ ಮನೆ ಮಾಲೀಕರ ಜರಡಿ ಇದ್ದೇ ಇತ್ತು. "ನೀವು ಯಾವ ಪೈಕಿ?" ಅಂತ ಆಗ ಬಾಯಿಬಿಟ್ಟೇ ಕೇಳುತ್ತಿದ್ದರು. ಈಗ "ಸಸ್ಯಾಹಾರಿಗಳಿಗೆ ಮಾತ್ರ" ಅಂತ ಟು-ಲೆಟ್ ಬೋರ್ಡಿನಲ್ಲಿ ಬರೆಯುತ್ತಾರೆ.

ಹಿಂದಿನ ಗಲ್ಲಿಯೂ ಹಾಗೇ. ತಲೆಯ ಮೇಲೆ ಮಲ ಹೊರುವುದನ್ನು ಕರ್ನಾಟಕದಲ್ಲಿ 1970ರ ದಶಕದಲ್ಲೇ ಸಚಿವ ಬಿ. ಬಸವಲಿಂಗಪ್ಪನವರು ನಿಷೇಧಿಸಿದರು, ಕೇಂದ್ರದ ಕಾನೂನು 1993ರಲ್ಲಿ ಬಂತು, ಮತ್ತೊಂದು 2013ರಲ್ಲಿ. ಆದರೂ 2010ರಲ್ಲಿ ಹಾವೇರಿ ಜಿಲ್ಲೆಯ ಸವಣೂರಿನಲ್ಲಿ ಭಂಗಿ ಸಮುದಾಯದವರು ಪುರಸಭೆಯ ಮುಂದೆ ಮೈಮೇಲೆ ಮಲ ಸುರಿದುಕೊಂಡು ಪ್ರತಿಭಟಿಸಬೇಕಾಯಿತು. ಮಲ್ಲೇಶ್ವರದ ಗಲ್ಲಿಗಳಲ್ಲಿ ಈಗ ಸ್ಕೂಟರ್ ನಿಲ್ಲಿಸುತ್ತಾರೆ, ಕೆಲವನ್ನು ಪಕ್ಕದವರು ನುಂಗಿಕೊಂಡಿದ್ದಾರೆ. ನಮ್ಮಜ್ಜಿಯ ಮನೆ ಇದ್ದ ಜಾಗದಲ್ಲಿ ಅಪಾರ್ಟ್‌ಮೆಂಟ್ ಇದೆ. ಹೋದ ವರ್ಷ ಅಲ್ಲಿ ಒಬ್ಬರ ಮನೆಗೆ ಊಟಕ್ಕೆ ಹೋಗಿದ್ದೆ. ಲಿಫ್ಟು ಎರಡು. ಚಿಕ್ಕದರ ಮೇಲೆ "ಕೆಲಸದವರು ಇದನ್ನೇ ಬಳಸಿ" ಅಂತ ಚೀಟಿ ಅಂಟಿಸಿದ್ದರು. ಅದು ಇದ್ದದ್ದು ಕಟ್ಟಡದ ಹಿಂಬದಿಗೆ, ಹೆಚ್ಚು ಕಡಿಮೆ ಆ ಕಿಂಡಿ ಇದ್ದ ಕಡೆಗೇ.

ಈಗ ನಿಮ್ಮ ತಿಪಟೂರಿಗೆ ಬರೋಣ. ಶಾಸನ, ಪಾಳೆಯಗಾರರು ಎಲ್ಲ ಆಮೇಲೆ ನೋಡಿಕೊಳ್ಳಿ. ಊರಿನ ಒಂದು ಹಳೇ ನಕ್ಷೆ ಸಿಕ್ಕರೆ ಸರಿ. ಸಿಗದಿದ್ದರೆ ನೀವೇ ನಡೆದು ಬಿಡಿಸಿ, ಕೈಬರಹದ್ದೇ ಸಾಕು. ಕೊಬ್ಬರಿ ಮಾರುಕಟ್ಟೆ ಎಲ್ಲಿದೆ, ರೈಲು ನಿಲ್ದಾಣ ಎಲ್ಲಿದೆ, ಎರಡರ ನಡುವೆ ಎಷ್ಟು ದೂರ, ಆ ದಾರಿಯಲ್ಲಿ ಯಾರ ಮನೆಗಳಿವೆ ಅಂತ ಗುರುತು ಹಾಕಿ. 1880ರ ದಶಕದಲ್ಲಿ ರೈಲು ಬಂದ ಮೇಲೆ ಊರು ಹಳಿಯ ಕಡೆಗೆ ಬೆಳೆಯಿತೋ, ಹಳಿಯನ್ನು ದಾಟಿ ಬೆಳೆಯಿತೋ? ದಾಟಿದ ಮೇಲೆ ಆಚೆಗಿನವರನ್ನು ಈಚೆಗಿನವರು ಏನಂತ ಕರೆಯುತ್ತಾರೆ? ಕೆರೆ, ಸ್ಮಶಾನ, ಕಸದ ಗುಡ್ಡೆ ಎಲ್ಲಿವೆ, ಅವುಗಳ ಪಕ್ಕ ಯಾರಿದ್ದಾರೆ?

ಮಂಡಿ ಮಾಲೀಕರನ್ನು ಮಾತಾಡಿಸಿ, ಅವರು ಖುಷಿಯಾಗಿ ತಾತನ ಕಾಲದ ಫೋಟೊ ತೋರಿಸುತ್ತಾರೆ, ಕಾಫಿ ಕೊಡುತ್ತಾರೆ. ಕಾಫಿ ಕುಡಿದು ಎದ್ದ ಮೇಲೆ ಹರಾಜಿನ ದಿನ ಮೂಟೆ ಹೊರುವ ಹಮಾಲಿಗಳ ಹತ್ತಿರ ಹೋಗಿ, ಬೆಳಿಗ್ಗೆ ಮನೆಯಿಂದ ಮಂಡಿಗೆ ಯಾವ ದಾರಿಯಲ್ಲಿ ಬರುತ್ತೀರಿ ಅಂತ ಕೇಳಿ. ಯಾವ ಬೀದಿಯಲ್ಲಿ ಬರುವುದಿಲ್ಲ ಅಂತಲೂ ಕೇಳಿ. ಎರಡನ್ನೂ ನಿಮ್ಮ ನಕ್ಷೆಯ ಮೇಲೆ ಬೇರೆ ಬೇರೆ ಬಣ್ಣದ ಪೆನ್ನಿನಲ್ಲಿ ಎಳೆದು ನನಗೆ ಕಳಿಸಿ. ಈ ಪೇಪರಿಗೆ ನೀವು ಪ್ರಬಂಧ ಬರೆಯುವುದಾದರೆ ಅದರ ಎರಡನೇ ಅಧ್ಯಾಯ ಅಲ್ಲಿಂದಲೇ ಶುರುವಾಗುತ್ತದೆ. ಮೊದಲನೆಯದನ್ನು ಮೇಷ್ಟ್ರಿಗೆ ಬೇಕಾದ ಹಾಗೆ ಬರೆದುಕೊಡಿ.